ಓಟ್ಸ್ ಬಾರ್ ಪುಡಿಯಾಗೋದು ಯಾಕೆ? ಉತ್ತರ ಪಾಕದಲ್ಲಿದೆ

ಮನೆಯಲ್ಲಿ ಓಟ್ಸ್ ಬಾರ್ ಮಾಡಿದವರು ಹೇಳುವ ದೂರು ಹೆಚ್ಚಾಗಿ ಎರಡೇ. ಕತ್ತರಿಸೋಕೆ ಹೋದರೆ ಪುಡಿಪುಡಿಯಾಗಿ ಉದುರುತ್ತದೆ, ಇಲ್ಲವೇ ಹಲ್ಲು ಊರದಷ್ಟು ಗಟ್ಟಿಯಾಗುತ್ತದೆ. ಉದುರಿದರೆ ಮುಂದಿನ ಸಲ ಬೆಣ್ಣೆ ಜಾಸ್ತಿ ಹಾಕುತ್ತಾರೆ. ಗಟ್ಟಿಯಾದರೆ ಓವನ್ ಸರಿಯಿಲ್ಲ ಅಂತಾರೆ. ಆದರೆ ಬಾರಿನ ಹಣೆಬರಹ ಬಹುಪಾಲು ಬರೆಯುವುದು ಬೆಣ್ಣೆಯೂ ಅಲ್ಲ, ಓವನ್ನೂ ಅಲ್ಲ. ಪಾಕ.

ಕೇಕ್ ಮಾಡಿ ಅಭ್ಯಾಸ ಇರುವವರಿಗೆ ಇದು ಮೊದಲು ಹೊಳೆಯುವುದಿಲ್ಲ. ಕೇಕಿನಲ್ಲಿ ಮೈದಾದ ಗ್ಲುಟೆನ್, ಮೊಟ್ಟೆಯ ಪ್ರೋಟೀನ್ ಬಿಸಿಗೆ ಗಟ್ಟಿಯಾಗಿ ನಿಲ್ಲುತ್ತವೆ. ಒಮ್ಮೆ ಬೆಂದರೆ ಬಿಸಿ ಇದ್ದಾಗಲೂ ಅದು ಕೇಕೇ, ಆರಿದ ಮೇಲೂ ಕೇಕೇ. ಓಟ್ಸ್ ಬಾರ್ ಹಾಗಲ್ಲ. ಓವನ್ನಿನಿಂದ ತೆಗೆದ ಗಳಿಗೆಯಲ್ಲಿ ಅದು ಸಡಿಲವಾಗಿ, ಇನ್ನೂ ಬೆಂದಿಲ್ಲವೇನೋ ಅನ್ನುವಂತೆ ಇರುತ್ತದೆ. ಆರುತ್ತಾ ಆರುತ್ತಾ ಗಟ್ಟಿಯಾಗುತ್ತದೆ. ಓಟ್ಸ್‌ನಲ್ಲಿ ಗೋಧಿಯ ಹಾಗೆ ಜಿಗುಟು ಬರುವ ಗ್ಲುಟೆನ್ ಇಲ್ಲ. ಮೊಟ್ಟೆ ನಾವು ಹಾಕಿಲ್ಲ. ಹಾಗಾದರೆ ಅಷ್ಟೂ ಓಟ್ಸ್ ಒಂದಕ್ಕೊಂದು ಅಂಟಿಕೊಂಡು ನಿಲ್ಲುವುದು ಯಾವುದರಿಂದ? ನಡುವೆ ಹರಡಿರುವ ಸಕ್ಕರೆ ಅಥವಾ ಬೆಲ್ಲದ ಪಾಕದಿಂದ. ಬಿಸಿ ಇದ್ದಾಗ ಪಾಕ ಹರಿಯುತ್ತದೆ, ತಣ್ಣಗಾದಾಗ ಹಿಡಿದುಕೊಳ್ಳುತ್ತದೆ.

ಅಂದರೆ ಶೇಂಗಾ ಚಿಕ್ಕಿ, ಎಳ್ಳುಂಡೆ ಮಾಡಿದ ಕೈಗೆ ಓಟ್ಸ್ ಬಾರಿನ ಅರ್ಧ ವಿದ್ಯೆ ಆಗಲೇ ಬಂದಿದೆ. ಚಿಕ್ಕಿಯಲ್ಲಿ ಪಾಕವನ್ನು ಒಲೆಯ ಮೇಲೆ ಪೂರ್ತಿ ಕಾಯಿಸಿ ಆಮೇಲೆ ಶೇಂಗಾ ಹಾಕುತ್ತೇವೆ. ಓಟ್ಸ್ ಬಾರಿನಲ್ಲಿ ಪಾಕವನ್ನು ಅರ್ಧಕ್ಕೇ ನಿಲ್ಲಿಸಿ, ಓಟ್ಸ್ ಬೆರೆಸಿ, ಉಳಿದರ್ಧವನ್ನು ಟ್ರೇಯೊಳಗೇ ಮುಗಿಸುತ್ತೇವೆ. ಓವನ್ನಿಗೆ ಇಲ್ಲಿರುವ ಕೆಲಸ ಎರಡೇ: ನೀರು ಓಡಿಸುವುದು, ಓಟ್ಸ್ ಹುರಿಯುವುದು.

ಪಾಕದಲ್ಲಿ ಎಷ್ಟು ನೀರು ಉಳಿದಿದೆ?

ಸಕ್ಕರೆ ನೀರು ಕುದಿಯುವಾಗ ನೀರು ಆವಿಯಾಗಿ ಹೋಗುತ್ತದೆ, ಸಕ್ಕರೆಯ ಪಾಲು ಏರುತ್ತದೆ. ಸಕ್ಕರೆ ಏರಿದಷ್ಟೂ ಪಾಕ ಕುದಿಯುವ ಬಿಸಿಯೂ ಏರುತ್ತದೆ. ಹಾಗಾಗಿ ಥರ್ಮಾಮೀಟರ್ ನೋಡಿದರೆ ಪಾಕದಲ್ಲಿ ಎಷ್ಟು ನೀರು ಉಳಿದಿದೆ ಅಂತ ಹೇಳಿಬಿಡಬಹುದು. ಎರಡು ಬೆರಳ ನಡುವೆ ಎಳೆಯಾಗಿ ನಿಲ್ಲುವ ಎಳೆ ಪಾಕ ಬರುವುದು 106 ಡಿಗ್ರಿ ಸೆಲ್ಸಿಯಸ್ ದಾಟಿದ ಮೇಲೆ. 112ರಿಂದ 116 ಡಿಗ್ರಿಯಲ್ಲಿ ನೀರಿಗೆ ಹಾಕಿದ ಹನಿ ಬೆರಳಲ್ಲಿ ಮೆತ್ತಗಿನ ಉಂಡೆಯಾಗುತ್ತದೆ. ಆಗ ಸಕ್ಕರೆಯ ಪಾಲು ಸುಮಾರು ಶೇ 85. 146 ಡಿಗ್ರಿ ದಾಟಿದರೆ ನೀರು ಹೆಚ್ಚುಕಡಿಮೆ ಪೂರ್ತಿ ಹೋಗಿ, ಹನಿ ತಟ್ಟೆಗೆ ಬಿದ್ದರೆ ಟಣ್ ಅನ್ನುತ್ತದೆ. ಗರಿಗರಿ ಚಿಕ್ಕಿಯ ಪಾಕ ಇದೇ.

ನಮಗೆ ಬೇಕಾದ ಬಾರ್ ಯಾವುದು ಅನ್ನುವುದು ಈ ಸಾಲಿನಲ್ಲಿ ಎಲ್ಲಿ ನಿಲ್ಲುತ್ತೇವೆ ಅನ್ನುವುದರ ಮೇಲಿದೆ. ಅಗಿದರೆ ಮೆತ್ತಗೆ ಎಳೆಯುವಂಥದ್ದು ಬೇಕಾದರೆ ಉಂಡೆ ಪಾಕದ ಆಸುಪಾಸು. ಕಟುಂ ಅನ್ನುವುದು ಬೇಕಾದರೆ ಇನ್ನೂ ಮುಂದೆ. ಎಳೆ ಪಾಕದಲ್ಲೇ ನಿಂತುಬಿಟ್ಟರೆ ಬಾರ್ ಕೈಯಲ್ಲಿ ಬಾಗಿ, ಹಿಡಿದಲ್ಲೆಲ್ಲ ಅಂಟುತ್ತದೆ. ಉದುರುವ ಬಾರಿನ ಕಥೆ ಇದಕ್ಕಿಂತ ಸ್ವಲ್ಪ ಬೇರೆ. ಅದರಲ್ಲಿ ಪಾಕ ಕಡಿಮೆ ಇರುತ್ತದೆ, ಅಥವಾ ಇರುವ ಪಾಕ ಹರಳುಗಟ್ಟಿರುತ್ತದೆ.

ಬೆಂಗಳೂರಿನವರಿಗೆ ಇಲ್ಲೊಂದು ಮಾತು. ನಿಮ್ಮೂರು ಸಮುದ್ರಮಟ್ಟದಿಂದ ಸುಮಾರು 900 ಮೀಟರ್ ಎತ್ತರದಲ್ಲಿದೆ. ಅಲ್ಲಿ ನೀರು 100 ಡಿಗ್ರಿಗಲ್ಲ, ಸುಮಾರು 97 ಡಿಗ್ರಿಗೇ ಕುದಿಯುತ್ತದೆ. ಪಾಕದ ಲೆಕ್ಕವೂ ಅಷ್ಟೇ ಕೆಳಗಿಳಿಯುತ್ತದೆ. ಇಂಗ್ಲೆಂಡಿನ ಪುಸ್ತಕದಲ್ಲಿ 115 ಅಂತಿದ್ದರೆ ಬೆಂಗಳೂರಿನಲ್ಲಿ 112ಕ್ಕೇ ಅದೇ ಪಾಕ ಬಂದಿರುತ್ತದೆ. 115 ಬರಲಿ ಅಂತ ಕಾದರೆ ಬಾರ್ ಬೇಕಾದ್ದಕ್ಕಿಂತ ಗಟ್ಟಿ. ಮಂಗಳೂರಿನಲ್ಲಿ ಈ ತಲೆಬಿಸಿ ಇಲ್ಲ. ಬಟ್ಟಲ ನೀರಿಗೆ ಹನಿ ಹಾಕಿ ಬೆರಳಲ್ಲಿ ಹಿಡಿದು ನೋಡುವ ಅಜ್ಜಿಯ ಪರೀಕ್ಷೆಗೆ ಊರಿನ ಎತ್ತರದ ಹಂಗೇ ಇಲ್ಲ. ಥರ್ಮಾಮೀಟರ್ ಇದ್ದರೂ ನಾನು ನಂಬುವುದು ಅದನ್ನೇ.

ಲಂಡನ್ನಿನ ಸಿರಪ್, ಶಿರಸಿಯ ಜೋನಿ ಬೆಲ್ಲ

ಓಟ್ಸ್ ಬಾರಿನ ನೂರೆಂಟು ರೂಪಗಳಲ್ಲಿ ನಾನು ಇಲ್ಲಿ ಹಿಡಿದುಕೊಂಡಿರುವುದು ಬ್ರಿಟನ್ನಿನ ಮನೆಗಳಲ್ಲಿ ಮಾಡುವ ಫ್ಲ್ಯಾಪ್‌ಜಾಕ್. ಓಟ್ಸ್, ಬೆಣ್ಣೆ, ಕಂದು ಸಕ್ಕರೆ, ಗೋಲ್ಡನ್ ಸಿರಪ್. ಅಷ್ಟೇ. ಅಲ್ಲಿ ಚಾಲ್ತಿಯಲ್ಲಿರುವ ಅಳತೆಯನ್ನು ನೆನಪಿಡುವುದೂ ಸುಲಭ: ಎರಡು ಪಾಲು ಓಟ್ಸ್, ಒಂದು ಪಾಲು ಬೆಣ್ಣೆ, ಒಂದು ಪಾಲು ಸಕ್ಕರೆ, ಮೇಲಿಂದ ಎರಡು ಮೂರು ದೊಡ್ಡ ಚಮಚ ಸಿರಪ್. ಹಿಟ್ಟಿಲ್ಲ, ಮೊಟ್ಟೆಯಿಲ್ಲ, ಬೇಕಿಂಗ್ ಪೌಡರ್ ಇಲ್ಲ. ಯಾವುದು ಏನು ಮಾಡುತ್ತದೆ ಅಂತ ಅರ್ಥ ಮಾಡಿಕೊಳ್ಳೋಕೆ ಇದಕ್ಕಿಂತ ಒಳ್ಳೆಯ ಬಾರ್ ಸಿಗುವುದಿಲ್ಲ.

ಸಕ್ಕರೆ ಇದ್ದೇ ಇದೆಯಲ್ಲ, ಮತ್ತೆ ಸಿರಪ್ ಯಾಕೆ? ಅದೇ ಹರಳಿನ ಕಾರಣಕ್ಕೆ. ಬರೀ ಸಕ್ಕರೆಯ ಪಾಕ ಆರುವಾಗ ಸಕ್ಕರೆಯ ಕಣಗಳು ಸಾಲಾಗಿ ಸೇರಿ ಮತ್ತೆ ಹರಳಾಗಲು ನೋಡುತ್ತವೆ. ಹರಳಾದ ಪಾಕಕ್ಕೆ ಅಂಟು ಇರುವುದಿಲ್ಲ. ಬಾಯಲ್ಲಿ ಮರಳು ಮರಳು, ಕೈಯಲ್ಲಿ ಪುಡಿ. ಇದನ್ನು ತಡೆಯುವುದು ಗ್ಲೂಕೋಸ್ ಮತ್ತು ಫ್ರಕ್ಟೋಸ್. ನಾವು ತಿನ್ನುವ ಸಕ್ಕರೆ ಅಂದರೆ ಸುಕ್ರೋಸ್, ಈ ಎರಡೂ ಕೂಡಿ ಆದದ್ದು. ಹುಳಿ ಮತ್ತು ಬಿಸಿ ಸೇರಿದರೆ ಸ್ವಲ್ಪ ಸುಕ್ರೋಸ್ ಒಡೆದು ಮತ್ತೆ ಎರಡಾಗುತ್ತದೆ. ಹಾಗೆ ಒಡೆದ ತುಂಡುಗಳು ಮದುವೆ ಊಟದ ಪಂಕ್ತಿಯ ನಡುವೆ ಓಡಾಡುವ ಮಕ್ಕಳ ಹಾಗೆ, ಸಾಲು ನೆಟ್ಟಗೆ ಕೂರೋಕೇ ಬಿಡುವುದಿಲ್ಲ. ಜಾಮೂನಿನ ಪಾಕಕ್ಕೆ ನಾಲ್ಕು ಹನಿ ನಿಂಬೆ ರಸ ಬಿಡುತ್ತೇವಲ್ಲ, ಅದು ಮಾಡುವ ಕೆಲಸವೂ ಇದೇ.

ಗೋಲ್ಡನ್ ಸಿರಪ್ ಅಂದರೆ ಹೀಗೆ ಅರ್ಧಂಬರ್ಧ ಒಡೆದ ಸಕ್ಕರೆಯ ಪಾಕ. 1880ರ ದಶಕದಲ್ಲಿ ಲಂಡನ್ನಿನ ಪ್ಲೇಸ್ಟೋದಲ್ಲಿ ಅಬ್ರಾಮ್ ಲೈಲ್ ಅವರ ಸಕ್ಕರೆ ಕಾರ್ಖಾನೆ ಇತ್ತು. ಸಕ್ಕರೆ ಶುದ್ಧ ಮಾಡಿದ ಮೇಲೆ ಉಳಿಯುತ್ತಿದ್ದ ದ್ರವವನ್ನು ಅಲ್ಲಿ ಸಂಸ್ಕರಿಸಿ, ಹೊನ್ನಿನ ಬಣ್ಣದ ಸಿರಪ್ ಮಾಡಿ ಮಾರಿದರು. ಹಸಿರು, ಚಿನ್ನದ ಬಣ್ಣದ ಆ ಡಬ್ಬ ಈಗಲೂ ಬ್ರಿಟನ್ನಿನ ಅಡುಗೆಮನೆಗಳಲ್ಲಿ ಇರುತ್ತದೆ. ಅಲ್ಲಿರುವ ಕನ್ನಡದ ಮನೆಗಳಲ್ಲೂ ಮಕ್ಕಳ ಶಾಲೆಯ ಬೇಕ್ ಸೇಲ್ ಪುಣ್ಯದಿಂದ ಒಂದು ಸೇರಿಕೊಂಡಿರುತ್ತದೆ. ನಮ್ಮಲ್ಲೂ ದೊಡ್ಡ ಅಂಗಡಿಗಳಲ್ಲಿ, ಆನ್‌ಲೈನಿನಲ್ಲಿ ಸಿಗುತ್ತದೆ, ಆದರೆ ಬೆಲೆ ನೋಡಿದರೆ ಮನಸ್ಸು ಬರುವುದಿಲ್ಲ.

ಬರಬೇಕಾಗಿಯೂ ಇಲ್ಲ. ಶಿರಸಿ, ಸಿದ್ದಾಪುರ, ಸಾಗರದ ಕಡೆಯ ಆಲೆಮನೆಗಳ ಜೋನಿ ಬೆಲ್ಲ ಇದೆಯಲ್ಲ. ದೋಸೆಯ ಪಕ್ಕ ಹಾಕಿಕೊಳ್ಳುವ ಅದೇ ಮಂದ, ಹೊಳೆಯುವ ಬೆಲ್ಲ. ಓಟ್ಸ್ ಬಾರಿಗೆ ಇದಕ್ಕಿಂತ ಒಳ್ಳೆಯ ಅಂಟನ್ನು ನಾನಂತೂ ಕಂಡಿಲ್ಲ. ಕೊಪ್ಪರಿಗೆಯಲ್ಲಿ ಕುದಿಯುವ ಕಬ್ಬಿನ ಹಾಲನ್ನು 103ರಿಂದ 106 ಡಿಗ್ರಿಯ ಹೊತ್ತಿಗೆ ಇಳಿಸಿದರೆ ಜೋನಿ. ಅಲ್ಲಿಗೆ ನಿಲ್ಲಿಸದೆ 118 ಡಿಗ್ರಿಯ ಆಸುಪಾಸಿಗೆ ಒಯ್ದರೆ ಅಚ್ಚಿಗೆ ಹಾಕುವ ಗಟ್ಟಿ ಬೆಲ್ಲ. ಕಬ್ಬಿನ ಹಾಲು ಒಂದೇ, ಉರಿ ಒಂದೇ. ಉಳಿದ ನೀರು ಬೇರೆ, ಅಷ್ಟೇ. ಕಬ್ಬಿನ ಹಾಲಿನಲ್ಲಿ ತನ್ನದೇ ಹುಳಿ ಇರುವುದರಿಂದ ಕುದಿಯುವಾಗಲೇ ಒಂದಿಷ್ಟು ಸಕ್ಕರೆ ಒಡೆದು ಗ್ಲೂಕೋಸ್, ಫ್ರಕ್ಟೋಸ್ ಆಗಿರುತ್ತದೆ. ಅದಕ್ಕೇ ಜೋನಿ ಬೆಲ್ಲ ಡಬ್ಬಿಯಲ್ಲಿ ತಿಂಗಳುಗಟ್ಟಲೆ ಹರಿಯುವಂತೆಯೇ ಇರುತ್ತದೆ. ತಳದಲ್ಲಿ ಸ್ವಲ್ಪ ಹರಳು ಕೂತರೆ ಗಾಬರಿ ಬೇಡ, ಬಿಸಿ ಮಾಡಿದರೆ ಕರಗುತ್ತದೆ.

ಒಂದು ವ್ಯತ್ಯಾಸ ಮಾತ್ರ ಮನಸ್ಸಿನಲ್ಲಿರಲಿ. ಗೋಲ್ಡನ್ ಸಿರಪ್ಪಿನಲ್ಲಿ ನೀರು ಕಡಿಮೆ, ಐದನೇ ಒಂದು ಭಾಗಕ್ಕಿಂತಲೂ ಕಡಿಮೆ. ಜೋನಿ ಬೆಲ್ಲದಲ್ಲಿ ಹೆಚ್ಚುಕಡಿಮೆ ಮೂರನೇ ಒಂದು ಭಾಗ ನೀರೇ ಇರುತ್ತದೆ. ಹಾಗಾಗಿ ಸಿರಪ್ ಇದ್ದ ಕಡೆ ಜೋನಿ ಸುರಿದು ಸೀದಾ ಓವನ್ನಿಗೆ ಇಟ್ಟರೆ ಬಾರ್ ಒದ್ದೆ ಒದ್ದೆ. ಮೊದಲು ಒಲೆಯ ಮೇಲೆ ಕುದಿಸಿ ನೀರು ಇಳಿಸಲೇಬೇಕು.

ಜೋನಿ ಸಿಗದ ಊರಿನಲ್ಲಿ ಮಾಮೂಲಿ ಬೆಲ್ಲ ಸಾಕು. 130 ಗ್ರಾಂ ಬೆಲ್ಲ ಕುಟ್ಟಿ, ಮೂರು ದೊಡ್ಡ ಚಮಚ ನೀರಲ್ಲಿ ಕರಗಿಸಿ, ಸೋಸಿಕೊಳ್ಳಿ. ಬೆಲ್ಲದಲ್ಲಿ ಮರಳು, ಕಬ್ಬಿನ ಸಿಪ್ಪೆ ಇರುವುದು ಹೊಸ ವಿಷಯವೇನಲ್ಲ. ಪಾಯಸದಲ್ಲಾದರೆ ತಳಕ್ಕೆ ಹೋಗುತ್ತದೆ, ಬಾರಿನಲ್ಲಿ ಹಲ್ಲಿಗೇ ಸಿಗುತ್ತದೆ. ಸೋಸಿದ್ದಕ್ಕೆ ನಾಲ್ಕು ಹನಿ ನಿಂಬೆ ರಸ ಬಿಟ್ಟು ಕುದಿಸಿದರೆ ಜೋನಿಗೆ ಹತ್ತಿರದ್ದೊಂದು ಸಿಗುತ್ತದೆ. ಜೇನು ಹಾಕುವುದಾದರೆ ಒಲೆಯಲ್ಲೂ ಓವನ್ನಿನಲ್ಲೂ ಕಣ್ಣಿಟ್ಟಿರಬೇಕು. ಜೇನಿನಲ್ಲಿ ಫ್ರಕ್ಟೋಸ್ ಜಾಸ್ತಿ. ಅದು ಸಕ್ಕರೆಗಿಂತ ಬಹಳ ಕಡಿಮೆ ಬಿಸಿಗೇ ಕಂದಾಗುತ್ತದೆ, ನೋಡನೋಡುತ್ತಲೇ ಕಹಿಯಾಗುತ್ತದೆ.

ಯಾವ ಓಟ್ಸ್?

ಅಂಗಡಿಯ ಶೆಲ್ಫಿನಲ್ಲಿ ಎಲ್ಲಕ್ಕೂ ಓಟ್ಸ್ ಅಂತಲೇ ಹೆಸರು. ಬಾರಿಗೆ ಎಲ್ಲವೂ ಆಗುವುದಿಲ್ಲ.

ರೋಲ್ಡ್ ಓಟ್ಸ್ ಅಂದರೆ ಸಿಪ್ಪೆ ತೆಗೆದ ಕಾಳನ್ನು ಹಬೆಯಲ್ಲಿ ಮೆತ್ತಗೆ ಮಾಡಿ ರೋಲರಿನಲ್ಲಿ ಒತ್ತಿದ್ದು. ಅವಲಕ್ಕಿಯ ದೂರದ ನೆಂಟ. ದಪ್ಪ, ಅಗಲ ಹಾಳೆ. ಬಾರಿಗೆ ಇದೇ ಸರಿ, ಅಗಿಯೋಕೆ ಏನಾದರೂ ಸಿಗುತ್ತದೆ. ಕ್ವಿಕ್ ಕುಕಿಂಗ್ ಓಟ್ಸ್ ಅಂದರೆ ಕಾಳನ್ನು ತುಂಡು ಮಾಡಿ ಇನ್ನೂ ತೆಳ್ಳಗೆ ಒತ್ತಿದ್ದು. ನಮ್ಮ ಅಂಗಡಿಗಳಲ್ಲಿ ಸುಮ್ನೆ ಓಟ್ಸ್ ಕೊಡಿ ಅಂದರೆ ಸಾಮಾನ್ಯವಾಗಿ ಕೈಗೆ ಬರುವುದು ಇದೇ. ಇದರಿಂದಲೂ ಬಾರ್ ಚೆನ್ನಾಗಿಯೇ ಆಗುತ್ತದೆ. ಸಣ್ಣ ಚೂರುಗಳು ಒತ್ತೊತ್ತಾಗಿ ಕೂರುವುದರಿಂದ ಉದುರುವುದೂ ಕಡಿಮೆ. ಆದರೆ ಮೈ ಜಾಸ್ತಿ ಅಲ್ವಾ, ಪಾಕವನ್ನು ಬೇಗ ಹೀರಿಕೊಂಡು ಸ್ವಲ್ಪ ಹಿಟ್ಟು ಹಿಟ್ಟಾಗುತ್ತದೆ. ನನಗೆ ಇಷ್ಟವಾದದ್ದು ಎರಡು ಪಾಲು ರೋಲ್ಡ್, ಒಂದು ಪಾಲು ಕ್ವಿಕ್. ದೊಡ್ಡ ಹಾಳೆಗಳ ಸಂದಿಯಲ್ಲಿ ಸಣ್ಣ ಚೂರು ತುಂಬಿಕೊಳ್ಳುತ್ತದೆ. ಕ್ವಿಕ್ ಇಲ್ಲದಿದ್ದರೆ ರೋಲ್ಡ್ ಓಟ್ಸನ್ನೇ ಒಂದು ಹಿಡಿ ಮಿಕ್ಸಿಯಲ್ಲಿ ಒಂದು ಸುತ್ತು ತಿರುಗಿಸಿ.

ಸ್ಟೀಲ್ ಕಟ್ ಓಟ್ಸ್ ಬೇಡ. ಅದು ನುಚ್ಚು. ನೀರಲ್ಲಿ ಅರ್ಧ ಗಂಟೆ ಬೇಯಬೇಕಾದ್ದು, ಬಾರಿನಲ್ಲಿ ಕಲ್ಲಾಗಿಯೇ ಉಳಿಯುತ್ತದೆ. ಮಸಾಲ ಓಟ್ಸ್ ಬಗ್ಗೆ ಹೇಳಬೇಕಾಗಿಲ್ಲ ಅಂದುಕೊಂಡಿದ್ದೇನೆ.

ಕೊಳ್ಳುವಾಗ ತಯಾರಾದ ತಾರೀಕು ನೋಡಿ. ಅಕ್ಕಿ, ಗೋಧಿಗಿಂತ ಓಟ್ಸ್‌ನಲ್ಲಿ ಎಣ್ಣೆಯಂಶ ಹೆಚ್ಚು, ಸುಮಾರು ಶೇ 7. ಎಣ್ಣೆಯನ್ನು ಒಡೆದು ಕಮಟು ಮಾಡುವ ಕಿಣ್ವವೂ ಅದರಲ್ಲೇ ಇರುತ್ತದೆ. ಕಾರ್ಖಾನೆಯಲ್ಲಿ ಹಬೆ ಕೊಡುವುದು ಒತ್ತಲಿಕ್ಕೆ ಮೆತ್ತಗಾಗಲಿ ಅಂತ ಮಾತ್ರವಲ್ಲ, ಈ ಕಿಣ್ವ ಸಾಯಲಿ ಅಂತಲೂ ಹೌದು. ಆದರೂ ಬೇಸಿಗೆಯಲ್ಲಿ ತಿಂಗಳಾನುಗಟ್ಟಲೆ ತೆರೆದಿಟ್ಟ ಪ್ಯಾಕೆಟ್ ಹಳೇ ಎಣ್ಣೆಯ ವಾಸನೆ ಹಿಡಿಯುತ್ತದೆ. ಬೆಣ್ಣೆ, ಬೆಲ್ಲ ಎಷ್ಟೇ ಹಾಕಿದರೂ ಅದು ಮುಚ್ಚುವುದಿಲ್ಲ.

ಬೆಣ್ಣೆಯೋ ತುಪ್ಪವೋ

ಕೊಬ್ಬಿನ ಕೆಲಸ ಅಂಟಿಸುವುದಲ್ಲ. ಅಂಟನ್ನು ಮೆತ್ತಗೆ ಮಾಡುವುದು. ಓಟ್ಸಿನ ಸುತ್ತ ಕೊಬ್ಬು ಹರಡಿದರೆ ಅದು ಪಾಕದ ನೀರನ್ನು ಕೂಡಲೇ ಹೀರುವುದಿಲ್ಲ, ಬಾಯಲ್ಲಿ ಸುಲಭವಾಗಿ ಬಿಡಿಸಿಕೊಳ್ಳುತ್ತದೆ. ಉದುರುವ ಬಾರಿಗೆ ಇನ್ನಷ್ಟು ಬೆಣ್ಣೆ ಹಾಕಿದರೆ ಇನ್ನಷ್ಟು ಉದುರುತ್ತದೆ, ಜೊತೆಗೆ ಕೈಗೂ ಪೇಪರಿಗೂ ಜಿಡ್ಡು.

ಬೆಣ್ಣೆಯಲ್ಲಿ ಕೊಬ್ಬು ಶೇ 80ರ ಆಸುಪಾಸು, ನೀರು ಶೇ 16ರಷ್ಟು. ತುಪ್ಪ ಬಹುತೇಕ ಪೂರ್ತಿ ಕೊಬ್ಬು. ಹಾಗಾಗಿ 125 ಗ್ರಾಂ ಬೆಣ್ಣೆಯ ಬದಲಿಗೆ 100 ಗ್ರಾಂ ತುಪ್ಪ, ಒಂದು ದೊಡ್ಡ ಚಮಚ ನೀರು. ನೀರನ್ನು ಮರೆತರೆ ಬೆಲ್ಲದ ಪುಡಿ ಪೂರ್ತಿ ಕರಗದೆ ಕರಕರ ಅನ್ನುತ್ತದೆ. ತುಪ್ಪದ ಘಮ ಓಟ್ಸಿಗೆ ಚೆನ್ನಾಗಿ ಒಪ್ಪುತ್ತದೆ. ತೆಂಗಿನೆಣ್ಣೆಯೂ ಆಗುತ್ತದೆ, ಆದರೆ ಅದು ಕರಗುವುದು 24 ಡಿಗ್ರಿಯ ಹತ್ತಿರ. ಜನವರಿಯ ಬೆಳಿಗ್ಗೆ ಬೆಂಗಳೂರಿನಲ್ಲಿ ಗಟ್ಟಿಯಾಗಿ ನಿಲ್ಲುವ ಬಾರ್, ಉಡುಪಿಯ ಮಧ್ಯಾಹ್ನದಲ್ಲಿ ಎಣ್ಣೆ ಜಿನುಗುತ್ತಾ ಕೂತಿರುತ್ತದೆ.

ಅಂಗಡಿಯ ಹಳದಿ ಬೆಣ್ಣೆಯಲ್ಲಿ ಉಪ್ಪು ಇರುತ್ತದೆ, ಮತ್ತೆ ಹಾಕುವುದು ಬೇಡ. ಮನೆಯ ಬೆಣ್ಣೆ, ತುಪ್ಪವಾದರೆ ಕಾಲು ಚಮಚ ಉಪ್ಪು ಹಾಕಲೇಬೇಕು. ಇಲ್ಲದಿದ್ದರೆ ಬೆಲ್ಲ ಒಂದೇ ಬಾಯಿಗೆ ಹೊಡೆಯುತ್ತದೆ.

ಈಗ ಮಾಡೋಣ

20 ಸೆಂಟಿಮೀಟರಿನ ಚೌಕ ಟ್ರೇಗೆ ಅಳತೆ ಇದು: 250 ಗ್ರಾಂ ಓಟ್ಸ್, 125 ಗ್ರಾಂ ಬೆಣ್ಣೆ, 75 ಗ್ರಾಂ ಬೆಲ್ಲದ ಪುಡಿ, 120 ಗ್ರಾಂ ಜೋನಿ ಬೆಲ್ಲ, 50 ಗ್ರಾಂ ಹುರಿದು ಸಿಪ್ಪೆ ಉಜ್ಜಿದ ಶೇಂಗಾ. ತಕ್ಕಡಿ ಇದ್ದರೆ ತೂಕ ಹಾಕಿ. ಇಲ್ಲದಿದ್ದರೆ 240 ಮಿಲಿಯ ಕಪ್ಪಿನಲ್ಲಿ ರೋಲ್ಡ್ ಓಟ್ಸ್ ಸುಮಾರು 90 ಗ್ರಾಂ ಹಿಡಿಯುತ್ತದೆ, ಅಂದರೆ ಎರಡೂಮುಕ್ಕಾಲು ಕಪ್. ಜೋನಿ ಬೆಲ್ಲ ಆರು ದೊಡ್ಡ ಚಮಚ. ಮೇಲೆ ಹೇಳಿದ ಹಾಗೆ ಮಾಮೂಲಿ ಬೆಲ್ಲ ಕರಗಿಸಿಕೊಂಡಿದ್ದರೆ ಅದರಲ್ಲೂ 120 ಗ್ರಾಂ ತೂಗಿ ತೆಗೆದುಕೊಳ್ಳಿ.

ಟ್ರೇಗೆ ಪೇಪರ್ ಹಾಸಿ, ಎರಡು ಕಡೆ ಅಂಚಿನಿಂದ ಹೊರಗೆ ಬಿಡಿ, ಆಮೇಲೆ ಎತ್ತೋಕೆ ಬೇಕು. ಬೇಕಿಂಗಿಗೆ ಅಂತಲೇ ಸಿಗುವ ಪೇಪರ್ ಇರಲಿ. ಸ್ಟೇಷನರಿ ಅಂಗಡಿಯ ತೆಳ್ಳನೆ ಬಟರ್ ಪೇಪರ್ ಬಾರಿಗೇ ಅಂಟಿಕೊಂಡು, ಕಿತ್ತರೂ ಬರುವುದಿಲ್ಲ.

ಮೊದಲು ಓಟ್ಸನ್ನು ಬಾಣಲೆಯಲ್ಲಿ ಸಣ್ಣ ಉರಿಯಲ್ಲಿ ಐದಾರು ನಿಮಿಷ ಹುರಿಯಿರಿ. ಬ್ರಿಟನ್ನಿನಲ್ಲಿ ಹೀಗೆ ಮಾಡುವ ರೂಢಿ ಅಷ್ಟಾಗಿ ಇಲ್ಲ. ನಮಗೆ ರವೆಯನ್ನು ಹುರಿಯದೆ ಉಪ್ಪಿಟ್ಟಿಗೆ ಹಾಕೋಕೆ ಕೈ ಬರುವುದಿಲ್ಲವಲ್ಲ. ಇಲ್ಲೂ ಲಾಭ ಇದೆ. ಓಟ್ಸಿನ ಪ್ರೋಟೀನ್ ಮತ್ತು ಸಕ್ಕರೆ ಬಿಸಿಯಲ್ಲಿ ಕೂಡಿ ಕಂದು ಬಣ್ಣ, ಹುರಿದ ಘಮ ಬರುತ್ತದೆ. ಪಾಕದಲ್ಲಿ ಅದ್ದಿದ ಮೇಲೆ, ಒಳಗಿನ ನೀರು ಹೋಗುವವರೆಗೂ, ಆ ಘಮ ಸರಿಯಾಗಿ ಬರುವುದಿಲ್ಲ. ಮೊದಲೇ ಹುರಿದರೆ ಬಾರಿನ ನಡುಭಾಗಕ್ಕೂ ರುಚಿ ಸಿಗುತ್ತದೆ.

ದಪ್ಪ ತಳದ ಪಾತ್ರೆಯಲ್ಲಿ ಬೆಣ್ಣೆ, ಬೆಲ್ಲದ ಪುಡಿ, ಜೋನಿ ಹಾಕಿ ಸಣ್ಣ ಉರಿಯಲ್ಲಿ ಕರಗಿಸಿ. ಅಂಚಲ್ಲಿ ಗುಳ್ಳೆ ಬಂದು ಇಡೀ ಪಾತ್ರೆ ಕುದಿಯೋಕೆ ಶುರುವಾದ ಮೇಲೆ ಎರಡು ಮೂರು ನಿಮಿಷ ಬಿಡಿ, ಕೈಯಾಡಿಸುತ್ತಾ ಇರಿ. ಗುಳ್ಳೆಗಳು ಮೊದಲು ಚಿಕ್ಕದಾಗಿ, ಚುರುಕಾಗಿ ಒಡೆಯುತ್ತವೆ. ನೀರು ಇಳಿದ ಹಾಗೆ ದೊಡ್ಡದಾಗಿ, ನಿಧಾನವಾಗಿ ಏಳುತ್ತವೆ. ಅಲ್ಲಿಗೆ ಒಲೆ ಆರಿಸಿ. ಎಳೆ ಪಾಕದ ಹಂತ ಸಾಕು. ಇಲ್ಲೇ ಉಂಡೆ ಪಾಕ ಮಾಡಿಬಿಟ್ಟರೆ ಓವನ್ನಿನಿಂದ ಚಿಕ್ಕಿ ಹೊರಬರುತ್ತದೆ. ಬೆಣ್ಣೆ ಮೇಲೆ ತೇಲಿ ಬೇರೆಯಾದಂತೆ ಕಂಡರೆ ಒಂದು ಚಮಚ ಬಿಸಿ ನೀರು ಹಾಕಿ ಜೋರಾಗಿ ಕಲಕಿ, ಕೂಡಿಕೊಳ್ಳುತ್ತದೆ.

ಓಟ್ಸ್, ಶೇಂಗಾ ಹಾಕಿ, ಒಣ ಓಟ್ಸ್ ಒಂದೂ ಕಾಣದ ಹಾಗೆ ಕಲಸಿ. ಉದುರುವುದು ಎಷ್ಟೋ ಸಲ ಶುರುವಾಗುವುದು ಪಾತ್ರೆಯ ಮೂಲೆಯಲ್ಲಿ ಉಳಿದ ಇಂಥ ಒಣ ಓಟ್ಸಿನಿಂದ. ಟ್ರೇಗೆ ಸುರಿದು ಚಪ್ಪಟೆ ತಳದ ಬಟ್ಟಲಿನಿಂದ ಒತ್ತಿ. ಎಷ್ಟು ಒತ್ತಬೇಕು? ಸಂದಿ ಮುಚ್ಚುವಷ್ಟು. ಮೈಭಾರ ಬಿಟ್ಟು ಒತ್ತಿದರೆ ಗಾಳಿಗೆ ಜಾಗವೇ ಇಲ್ಲದೆ ಬಾರ್ ಹಲಗೆಯಾಗುತ್ತದೆ. ಮೂಲೆಗಳನ್ನು ಮಾತ್ರ ಚೆನ್ನಾಗಿ ಒತ್ತಿ, ಮುರಿಯುವುದು ಅಲ್ಲೇ ಮೊದಲು. ದಪ್ಪ ಎರಡು ಸೆಂಟಿಮೀಟರಿನ ಹತ್ತಿರ ಬರುತ್ತದೆ.

ಓವನ್ 165 ಡಿಗ್ರಿಗೆ ಮೊದಲೇ ಕಾದಿರಲಿ. ಓಟಿಜಿ, ಅಂದರೆ ರಾಡ್ ಕಾದು ಬೇಯಿಸುವ ಪುಟ್ಟ ಓವನ್ ಆದರೆ ಮೇಲಿನ, ಕೆಳಗಿನ ಎರಡೂ ರಾಡ್, ನಡುವಿನ ಅಂತಸ್ತು. ಮೈಕ್ರೋವೇವ್ ಓವನ್ನಾದರೆ ಕನ್ವೆಕ್ಷನ್ ಮೋಡಿನಲ್ಲೇ ಇಡಬೇಕು. ಫ್ಯಾನ್ ಬಿಸಿಗಾಳಿ ಬೀಸುವುದರಿಂದ 15ರಿಂದ 20 ಡಿಗ್ರಿ ಕಡಿಮೆ ಇಟ್ಟುಕೊಳ್ಳಿ. 20ರಿಂದ 25 ನಿಮಿಷ. ಕಪ್ಪು ಟ್ರೇ ಬೇಗ ಬಿಸಿ ಎಳೆದುಕೊಳ್ಳುತ್ತದೆ, ಹಾಗಾಗಿ 18 ನಿಮಿಷಕ್ಕೇ ಒಮ್ಮೆ ಇಣುಕಿ ನೋಡಿ.

ತೆಗೆಯುವುದು ಯಾವಾಗ ಅನ್ನುವುದೇ ಇಡೀ ಕೆಲಸದ ಕಷ್ಟದ ಜಾಗ. ಟ್ರೇಯ ಅಂಚು ಲೋಹಕ್ಕೆ ತಾಗಿರುತ್ತದೆ, ಅಲ್ಲಿಯ ಪಾಕ ಬೇಗ ನೀರು ಕಳೆದುಕೊಂಡು ಮುಂದಿನ ಹಂತಕ್ಕೆ ಹೋಗುತ್ತದೆ. ನಡುಭಾಗ ಇನ್ನೂ ಹಿಂದೆಯೇ ಇರುತ್ತದೆ. ನಡುಭಾಗ ಗಟ್ಟಿಯಾಗಲಿ ಅಂತ ಕಾದರೆ ಅಂಚು ಕರಕಲು. ಅಂಚು ಹೊನ್ನಿನ ಕಂದು ಬಣ್ಣಕ್ಕೆ ತಿರುಗಿ, ನಡುಭಾಗ ಬೆರಳಿಗೆ ಮೆತ್ತಗೆ ಸಿಗುವಾಗಲೇ ತೆಗೆದುಬಿಡಿ. ಬೆಲ್ಲ ಮೊದಲೇ ಕಂದು ಬಣ್ಣದ್ದಾದ್ದರಿಂದ ಕಣ್ಣು ಮೋಸ ಹೋಗುತ್ತದೆ. ಮೂಗನ್ನೂ ಕೇಳಿ: ಬೆಲ್ಲದ ಘಮ ಹೋಗಿ ಸುಟ್ಟ ಸಕ್ಕರೆಯ ಚುರುಕು ವಾಸನೆ ಮೂಗಿಗೆ ಹತ್ತಿತೆಂದರೆ ಆಗಲೇ ತಡ. ನಡುವಿನ ತುಂಡು ಮೆತ್ತಗೆ, ಅಂಚಿನದು ಗರಿಗರಿ ಇರುವುದು ತಪ್ಪಲ್ಲ. ನಮ್ಮಲ್ಲಿ ಅಂಚಿನ ತುಂಡಿಗೇ ಜಗಳ.

ಹತ್ತು ನಿಮಿಷ ಆರಿದ ಮೇಲೆ ಚೂರಿಯಿಂದ ಗೆರೆ ಎಳೆಯಿರಿ, ನಾಲ್ಕು ಅಡ್ಡ, ನಾಲ್ಕು ಉದ್ದದ ತುಂಡು ಬರುವ ಹಾಗೆ. ಮೈಸೂರು ಪಾಕಿಗೆ ಮಾಡುವ ಹಾಗೇ, ಬಿಸಿ ಇರುವಾಗಲೇ. ಪಾಕ ಪೂರ್ತಿ ಬಿಗಿದ ಮೇಲೆ ಕತ್ತರಿಸಿದರೆ ಗೆರೆ ಎಲ್ಲೋ, ಬಿರುಕು ಎಲ್ಲೋ. ಗೆರೆ ಎಳೆದ ಮೇಲೆ ಎರಡು ಗಂಟೆ ಮುಟ್ಟಬೇಡಿ. ಆಮೇಲೆ ಪೇಪರ್ ಹಿಡಿದು ಎತ್ತಿ, ಗೆರೆಯ ಮೇಲೆ ಬಿಡಿಸಿ. ಉದುರುತ್ತದೆ ಅಂತ ದೂರುವ ಬಾರುಗಳಲ್ಲಿ ಎಷ್ಟೋ ಸುಮ್ನೆ ಬಿಸಿಬಿಸಿ ಬಿಡಿಸಿದವು.

ಶೇಂಗಾ ಬದಲು ಗೋಡಂಬಿ, ಎಳ್ಳು, ಅಗಸೆ, ಕುಂಬಳ ಬೀಜ, ಒಣಕೊಬ್ಬರಿ ಏನಾದರೂ ಆದೀತು. ಒಟ್ಟು 75 ಗ್ರಾಂ ದಾಟದಿರಲಿ, ದಾಟಿದರೆ ಪಾಕ ಸಾಲುವುದಿಲ್ಲ. ದ್ರಾಕ್ಷಿ ಹಾಕಿದರೆ ಮೇಲೆ ಕಾಣದಂತೆ ಒಳಗೆ ಒತ್ತಿ, ಮೇಲಿರುವುದು ಉಬ್ಬಿ ಕಪ್ಪಾಗಿ ಕಹಿಯಾಗುತ್ತದೆ. ಏಲಕ್ಕಿಗಿಂತ ಒಣಶುಂಠಿ ಚೆನ್ನ ಅನ್ನುವುದು ನನ್ನ ಪಕ್ಷ. ಬೆಲ್ಲಕ್ಕೂ ಶುಂಠಿಗೂ ಹಳೇ ಸ್ನೇಹ.

ಓವನ್ ಇಲ್ಲದ ಮನೆಯಲ್ಲಿ

ಕುಕ್ಕರಿನಲ್ಲಿ ಕೇಕ್ ಮಾಡುವ ಹಾಗೆ ಇದನ್ನೂ ಮಾಡಬಹುದಾ ಅಂತ ಕೇಳುವವರಿದ್ದಾರೆ. ಮಾಡಬಹುದು, ಆದರೆ ಅಷ್ಟು ಒಳ್ಳೆಯದಾಗುವುದಿಲ್ಲ. ಮುಚ್ಚಿದ ಪಾತ್ರೆಯಲ್ಲಿ ಆವಿ ಹೊರಗೆ ಹೋಗೋಕೆ ದಾರಿ ಕಡಿಮೆ. ನಮಗೆ ಬೇಕಾದ್ದೇ ನೀರು ಹೋಗುವುದು. ತಳ ಕರಕಲಾದರೂ ಮೇಲೆ ಹಸಿ ಹಸಿ ಉಳಿಯುತ್ತದೆ.

ಅದಕ್ಕಿಂತ ಓವನ್ನಿನ ಎರಡೂ ಕೆಲಸವನ್ನು ಒಲೆಯ ಮೇಲೇ ಮುಗಿಸಿ. ಓಟ್ಸನ್ನು ಹತ್ತು ನಿಮಿಷ, ಗರಿಗರಿಯಾಗಿ ಹೊಂಬಣ್ಣ ಬರುವವರೆಗೆ ಹುರಿಯಿರಿ. ಪಾಕವನ್ನು ಎಳೆ ಪಾಕಕ್ಕೆ ನಿಲ್ಲಿಸದೆ ಉಂಡೆ ಪಾಕಕ್ಕೆ ತನ್ನಿ. ಬಟ್ಟಲ ನೀರಿನಲ್ಲಿ ಹನಿ ಕರಗದೆ ಮೆತ್ತಗಿನ ಉಂಡೆಯಾಗಬೇಕು. ಬೆಣ್ಣೆಯನ್ನು 75 ಗ್ರಾಮಿಗೆ ಇಳಿಸಿ. ಕೂಡಲೇ ಓಟ್ಸ್ ಬೆರೆಸಿ, ತುಪ್ಪ ಸವರಿದ ತಟ್ಟೆಗೆ ಒತ್ತಿ. ಓವನ್ನಿನ ಅಂಚಿನ ಗರಿ ಇದಕ್ಕೆ ಬರುವುದಿಲ್ಲ. ಆದರೆ ಬಾರ್ ಬಾರಾಗಿಯೇ ನಿಲ್ಲುತ್ತದೆ.

ಖರ್ಜೂರ ರುಬ್ಬಿ, ಬಾಳೆಹಣ್ಣು ಕಿವುಚಿ ಮಾಡುವ ಬಾರುಗಳೂ ಇವೆ. ಖರ್ಜೂರದ್ದು ಸರಿ, ಅದರಲ್ಲಿ ನೀರು ಕಡಿಮೆ, ಒಡೆದ ಸಕ್ಕರೆ ಧಾರಾಳ. ಬಾಳೆಹಣ್ಣಿನಲ್ಲಿ ಮುಕ್ಕಾಲು ಪಾಲು ನೀರು. ಅದರಿಂದ ಆಗುವುದು ಮೆತ್ತನೆಯ ಕೇಕಿನಂಥದ್ದು. ಚೆನ್ನಾಗಿರುತ್ತದೆ, ಆದರೆ ಎರಡು ದಿನದಲ್ಲಿ ತಿಂದು ಮುಗಿಸಬೇಕು. ಬೆಲ್ಲದ ಬಾರ್ ಕೆಡದೆ ಉಳಿಯುವುದು ಯಾಕೆಂದರೆ ಅದರಲ್ಲಿರುವ ಅಲ್ಪಸ್ವಲ್ಪ ನೀರನ್ನೂ ಸಕ್ಕರೆ ಹಿಡಿದಿಟ್ಟುಕೊಂಡಿರುತ್ತದೆ, ಬೂಷ್ಟಿಗೆ ಸಿಗುವುದಿಲ್ಲ. ಬಾಳೆಹಣ್ಣಿನಲ್ಲಿ ಅಷ್ಟು ಸಕ್ಕರೆ ಇಲ್ಲ.

ಇದು ಆರೋಗ್ಯಕ್ಕೆ ಒಳ್ಳೆಯದಾ?

ಓಟ್ಸ್ ಅಂದ ಕೂಡಲೇ ಬರುವ ಪ್ರಶ್ನೆ. ಮೇಲಿನ ಅಳತೆಯಲ್ಲಿ 16 ತುಂಡು ಮಾಡಿದರೆ ಒಂದಕ್ಕೆ ಸುಮಾರು 170 ಕ್ಯಾಲೊರಿ. ಎರಡು ಚಮಚ ಸಕ್ಕರೆಯಷ್ಟು ಸಿಹಿ, ಒಂದೂವರೆ ಚಮಚ ಬೆಣ್ಣೆ. ಅಂದರೆ ಇದು ತಿಂಡಿಯಲ್ಲ, ಸಿಹಿ. ಬೆಲ್ಲ ಹಾಕಿದ್ದರಿಂದ ರುಚಿ ಮತ್ತು ಬಣ್ಣ ಹೆಚ್ಚಿತು, ಸಕ್ಕರೆ ಸಕ್ಕರೆಯೇ.

ಓಟ್ಸಿಗೆ ಹೆಸರು ತಂದುಕೊಟ್ಟದ್ದು ಅದರ ಬೀಟಾ ಗ್ಲೂಕನ್ ಅನ್ನುವ ನಾರು. ಅಮೆರಿಕದ ಆಹಾರ ಮತ್ತು ಔಷಧ ಆಡಳಿತ 1997ರಲ್ಲಿ, ದಿನಕ್ಕೆ 3 ಗ್ರಾಂ ಇಂಥ ನಾರು ಸಿಗುವಂತೆ ಓಟ್ಸ್ ತಿನ್ನುವುದು, ಸ್ಯಾಚುರೇಟೆಡ್ ಕೊಬ್ಬು, ಕೊಲೆಸ್ಟರಾಲ್ ಕಡಿಮೆಯಿರುವ ಊಟದ ಜೊತೆಗೆ, ಹೃದಯಕ್ಕೆ ಒಳ್ಳೆಯದಾಗಬಹುದು ಅಂತ ಪ್ಯಾಕೆಟ್ ಮೇಲೆ ಬರೆಯಲು ಒಪ್ಪಿಗೆ ಕೊಟ್ಟಿತು. ಆಮೇಲೆ ಎಷ್ಟೋ ಪ್ಯಾಕೆಟ್ಟಿಗೆ ಹೃದಯದ ಚಿತ್ರ ಬಂತು. ಲೆಕ್ಕ ಹಾಕಿ ನೋಡಿ. ಓಟ್ಸ್‌ನಲ್ಲಿ ಈ ನಾರು ಶೇ 4ರ ಆಸುಪಾಸು. ನಮ್ಮ ಒಂದು ತುಂಡಿನಲ್ಲಿ ಓಟ್ಸ್ 16 ಗ್ರಾಂ, ನಾರು 0.6 ಗ್ರಾಂ. 3 ಗ್ರಾಂ ಆಗಬೇಕಾದರೆ ದಿನಕ್ಕೆ ಐದು ತುಂಡು, 850 ಕ್ಯಾಲೊರಿ, ಜೊತೆಗೆ ಹೆಚ್ಚುಕಡಿಮೆ 40 ಗ್ರಾಂ ಬೆಣ್ಣೆ. ಕೊಲೆಸ್ಟರಾಲ್ ಚಿಂತೆ ಇರುವವರು ಗಂಜಿಯನ್ನೇ ಕುಡಿಯುವುದು ಲೇಸು.

ಹಾಗಂತ ಬೆಣ್ಣೆ, ಬೆಲ್ಲ ಅರ್ಧಕ್ಕೆ ಇಳಿಸಿ ಮಾಡಿದರೆ? ಆಗ ಪಾಕ ಸಾಲದೆ ಉದುರುತ್ತದೆ, ಮೊಸರಿನ ಮೇಲೆ ಉದುರಿಸಿಕೊಂಡು ತಿನ್ನಬಹುದು. ಬಾರ್ ಬೇಕು ಅಂದರೆ ಅಳತೆ ಬಿಟ್ಟು, ತುಂಡನ್ನು ಚಿಕ್ಕದು ಮಾಡಿ. ಗೋಧಿ ಆಗದವರು, ಅಂದರೆ ಸೀಲಿಯಾಕ್ ಕಾಯಿಲೆ ಇರುವವರು, ಮಾಮೂಲಿ ಓಟ್ಸ್ ಮುಟ್ಟಬಾರದು. ಗದ್ದೆಯಲ್ಲೋ ಗಿರಣಿಯಲ್ಲೋ ಗೋಧಿ ಬೆರೆತಿರಬಹುದು. ಗ್ಲುಟೆನ್ ಇಲ್ಲ ಅಂತ ಖಾತ್ರಿ ಕೊಟ್ಟ ಓಟ್ಸ್ ಸಿಗುತ್ತದೆ, ಅದನ್ನೂ ವೈದ್ಯರನ್ನು ಕೇಳಿಯೇ ತಿನ್ನಬೇಕು.

ಬಾರ್ ಪೂರ್ತಿ ಆರಿದ ಮೇಲೆ ಬಿಗಿ ಮುಚ್ಚಳದ ಸ್ಟೀಲ್ ಡಬ್ಬಿಯಲ್ಲಿ, ಸಾಲಿನ ನಡುವೆ ಪೇಪರ್ ಇಟ್ಟು ಜೋಡಿಸಿ. ಒಣ ಹವೆಯಲ್ಲಿ ಒಂದು ವಾರಕ್ಕೆ ತೊಂದರೆಯಿಲ್ಲ. ಬಿಸಿ ಇರುವಾಗಲೇ ಡಬ್ಬಿಗೆ ಹಾಕಿದರೆ ಮುಚ್ಚಳದಲ್ಲಿ ಬೆವರು ಕಟ್ಟಿ ಬಾರಿನ ಮೇಲೇ ಸುರಿಯುತ್ತದೆ. ಮಳೆಗಾಲ ಮಾತ್ರ ಬೇರೆ ಲೆಕ್ಕ. ಗ್ಲೂಕೋಸ್, ಫ್ರಕ್ಟೋಸ್ ಹರಳಾಗದಂತೆ ತಡೆಯುವುದರ ಜೊತೆಗೆ ಗಾಳಿಯ ತೇವವನ್ನೂ ಎಳೆದುಕೊಳ್ಳುತ್ತವೆ. ಜುಲೈನಲ್ಲಿ ಮಲೆನಾಡು, ಕರಾವಳಿಯ ಮನೆಗಳಲ್ಲಿ ತೆರೆದಿಟ್ಟ ಬಾರ್ ಸಂಜೆಯೊಳಗೆ ಜಿಗುಟು. ಅಲ್ಲಿ ಒಲೆಯ ಮೇಲೆ ಪಾಕವನ್ನು ಇನ್ನೊಂದು ನಿಮಿಷ ಜಾಸ್ತಿ ಕುದಿಸಿ, ಓವನ್ನಿನಲ್ಲಿ ಮೂರ್ನಾಲ್ಕು ನಿಮಿಷ ಜಾಸ್ತಿ ಬಿಡಿ. ಜಿಗುಟಾಗಿಬಿಟ್ಟಿದ್ದರೆ 150 ಡಿಗ್ರಿ ಓವನ್ನಿನಲ್ಲಿ ಏಳೆಂಟು ನಿಮಿಷ ಇಟ್ಟು, ಮತ್ತೆ ಪೂರ್ತಿ ಆರಲು ಬಿಟ್ಟು ಡಬ್ಬಿಗೆ ಹಾಕಿ.